ಹಿತ್ತಲ ಇಳಿಜಾರು

ಫೆಬ್ರುವರಿಯಲ್ಲಿ ನಾಲ್ಕು ದಿನ ಬಿಡದೆ ಮಳೆ ಹೊಡೆಯಿತು. ಐದನೆಯ ದಿನ ಬೆಳಿಗ್ಗೆ ಊರ್ಮಿಳಾ ಬೇಸ್‌ಮೆಂಟಿಗೆ ಇಳಿದಾಗ ಕಾರ್ಪೆಟ್ಟು ಕಾಲಡಿಯಲ್ಲಿ ಪಚಕ್ ಎಂದಿತು. ಪಕ್ಕದ ಮನೆಯ ಕಡೆಗಿರುವ ಗೋಡೆಯ ಬುಡದಲ್ಲಿ ಅವಳ ಹಳೆಯ ಲ್ಯಾಬಿನ ಕಾಗದಪತ್ರಗಳ ಡಬ್ಬಗಳಿದ್ದವು. ಕೆಳಗಿನ ಸಾಲಿನವು ನೀರು ಕುಡಿದು ಬಸಿರಾದಂತೆ ಉಬ್ಬಿದ್ದವು.

ಅವಳು ಮೇಲೆ ಬಂದು ಗಂಡನಿಗೆ ಒಂದು ಮಾತೂ ಹೇಳದೆ ನೇರ ಹಿಂಬದಿಯ ಡೆಕ್ಕಿಗೆ, ಎತ್ತರದ ಮರದ ಜಗಲಿಗೆ, ಹೋದಳು. ಕಟಕಟೆ ಹಿಡಿದು ನೋಡಿದಳು. ತನ್ನ ಹಿತ್ತಲ ಹುಲ್ಲು ಬೇಲಿಯವರೆಗೆ ಸಾಗಿ, ಬೇಲಿಯಾಚೆ ಗುರುದತ್ತನ ಹಿತ್ತಲಿಗೆ ಮೆಲ್ಲಗೆ ಏರಿಹೋಗಿತ್ತು. ಅಲ್ಲಿ, ಬೇಲಿಯ ಉದ್ದಕ್ಕೂ, ಅವನು ಹೋದ ಶರತ್ಕಾಲದಲ್ಲಿ ಹಲಗೆ ಕಟ್ಟಿ ಮಣ್ಣು ತುಂಬಿಸಿದ ಮೂರು ಎತ್ತರದ ಪಾತಿಗಳಿದ್ದವು. ಇನ್ನೇನು ಬೇಕು? ಎತ್ತರದ ನೀರು ತಗ್ಗಿಗೆ ಬರದೆ ಇನ್ನೆಲ್ಲಿಗೆ ಹೋದೀತು?

ಊರ್ಮಿಳಾಗೆ ಆಗ ಎಪ್ಪತ್ತೊಂದು. ಮೈಸೂರಿನಲ್ಲಿ ಮನಶ್ಶಾಸ್ತ್ರ ಓದಿ, ಎಪ್ಪತ್ತರ ದಶಕದಲ್ಲಿ ಅಮೆರಿಕಕ್ಕೆ ಬಂದು, ಅಟ್ಲಾಂಟಾದ ಒಂದು ವಿಶ್ವವಿದ್ಯಾಲಯದಲ್ಲಿ ಮೂವತ್ತೊಂದು ವರ್ಷ ಒಂದೇ ಕೆಲಸ ಮಾಡಿದವಳು. ಕಣ್ಣು ಕಂಡದ್ದನ್ನು ಮೆದುಳು ಹೇಗೆ ಅರ್ಥ ಮಾಡಿಕೊಳ್ಳುತ್ತದೆ, ಎಲ್ಲಿ ಮೋಸಹೋಗುತ್ತದೆ ಎಂಬುದೇ ಅವಳ ವಿಷಯ. ನಿವೃತ್ತಿಯಾದ ಮೇಲೆ ಅವಳೂ ಮೂತ್ರಪಿಂಡದ ಡಾಕ್ಟರಾಗಿದ್ದ ಗಂಡ ರಘುನಾಥನೂ ನಗರದಾಚೆಯ ಕಮ್ಮಿಂಗ್‌ನ ಈ ಹೊಸ ಬಡಾವಣೆಗೆ ಬಂದಿದ್ದರು. ಪಕ್ಕದ ಮನೆಗೆ ಗುರುದತ್ತ ಮತ್ತು ಇಂದು ಎಂಬ ಅವನ ಹೆಂಡತಿ ಬಂದದ್ದು ಎರಡು ವರ್ಷದ ಹಿಂದೆ. ಅವನಿಗೆ ಸಾಫ್ಟ್‌ವೇರ್ ಕೆಲಸ, ಇನ್ನೂ ವೀಸಾದ ಮೇಲಿದ್ದವನು. ಮೊದಲ ವರ್ಷ ಒಬ್ಬಟ್ಟು, ಕೋಸಂಬರಿ ಬೇಲಿ ದಾಟಿ ಓಡಾಡಿದ್ದವು.

ಅವಳು ಕೂಗಿ ಕರೆದಾಗ ಗುರುದತ್ತ ಕಿವಿಗೆ ಹೆಡ್‌ಸೆಟ್ ಸಿಕ್ಕಿಸಿಕೊಂಡೇ ಹೊರಗೆ ಬಂದ.

"ನೋಡಪ್ಪ, ನಿಮ್ಮ ಹಿತ್ತಲ ನೀರೆಲ್ಲ ನಮ್ಮ ಬೇಸ್‌ಮೆಂಟಿಗೆ ಬಂದಿದೆ. ಆ ಮಣ್ಣು ತೆಗೆಸಿಬಿಡು."

"ನಮ್ಮ ಕಡೆಯಿಂದ ನಿಮ್ಮನೆಗಾ ಆಂಟಿ? ಇಲ್ವಲ್ಲ. ಮಳೆ ಬಂದಾಗ ನಾನೇ ನಿಂತು ನೋಡಿದೀನಿ. ನೀರು ನಿಮ್ಮ ಕಡೆಯಿಂದ ಇಲ್ಲಿಗೆ ಬರತ್ತೆ."

"ಬಾ ಇಲ್ಲಿ. ನಮ್ಮ ಡೆಕ್ ಹತ್ತಿ ನೋಡು."

ಅವನು ಬಂದ. ಅವಳ ಪಕ್ಕದಲ್ಲಿ ನಿಂತು ನೋಡಿದ. ಹುಬ್ಬು ಗಂಟಿಕ್ಕಿತು.

"ಇಲ್ಲಿಂದ ನೋಡಿದ್ರೆ ನಮ್ಮದೇ ಎತ್ತರ ಕಾಣತ್ತೆ, ನಿಜ. ಆದ್ರೆ ನೀರು ಆ ಥರ ಹೋಗ್ತಿಲ್ಲ ಆಂಟಿ. ಒಂದ್ಸಲ ಲೆವೆಲ್ ಇಟ್ಟು ಚೆಕ್ ಮಾಡ್ಬಿಡೋಣ. ಇಬ್ರಿಗೂ ಕ್ಲಿಯರ್ ಆಗತ್ತೆ."

"ಗುರುದತ್, ನಾನು ಮೂವತ್ತೊಂದು ವರ್ಷ ಇದನ್ನೇ ಸ್ಟಡಿ ಮಾಡಿದೋಳು. ಕಣ್ಣು ಎಲ್ಲಿ ಮೋಸಹೋಗತ್ತೆ, ಎಲ್ಲಿ ಹೋಗಲ್ಲ ಅಂತ ನೀನು ನನಗೆ ಹೇಳ್ಕೊಡ್ಬೇಡ. ಮಣ್ಣು ತೆಗೆಸ್ತೀಯೋ ಇಲ್ವೋ?"

"ನನ್ನ ತಪ್ಪಿಲ್ದೆ ಯಾಕೆ ತೆಗೆಸ್ಲಿ?"

ಅಷ್ಟು ಹೇಳಿ ಅವನು ಮೀಟಿಂಗಿಗೆ ಹೊರಟುಹೋದ. ಆ ಮಧ್ಯಾಹ್ನವೇ ಊರ್ಮಿಳಾ ಡೆಕ್ಕಿನ ಮೇಲೆ ನಿಂತು ಆರು ಫೋಟೋ ತೆಗೆದು ಎಚ್‌ಓಎಗೆ, ಅಂದರೆ ಬಡಾವಣೆಯ ಮನೆಮಾಲೀಕರ ಸಂಘಕ್ಕೆ, ಎರಡು ಪುಟದ ದೂರು ಬರೆದಳು. ಒಪ್ಪಿಗೆಯಿಲ್ಲದೆ ನೆಲ ಎತ್ತರಿಸಿದ್ದಾರೆ, ಪಕ್ಕದ ಮನೆಗೆ ಹಾನಿಯಾಗಿದೆ, ಚಿತ್ರಗಳೇ ಸಾಕ್ಷಿ. ಸಂಘದ ಮೂವರು ಪದಾಧಿಕಾರಿಗಳಲ್ಲಿ ಯಾರೂ ಸ್ಥಳಕ್ಕೆ ಬರಲಿಲ್ಲ. ಫೋಟೋ ನೋಡಿದರು, ಅವರಿಗೂ ಗುರುದತ್ತನ ನೆಲವೇ ಎತ್ತರ ಕಂಡಿತು.

ವಿಚಾರಣೆ ಇನ್ನೂ ನಡೆಯುತ್ತಿರುವಾಗಲೇ ಕನ್ನಡ ಕೂಟದ ಯುಗಾದಿ ಊಟ ಬಂತು. ಬಾಡಿಗೆಗೆ ಹಿಡಿದ ಒಂದು ಶಾಲೆಯ ಹಾಲು. ಮಕ್ಕಳಿಗಾಗಿ ಊರ್ಮಿಳಾ ಅರ್ಧ ಗಂಟೆ ದೃಷ್ಟಿಭ್ರಮೆಯ ಚಿತ್ರಗಳನ್ನು ತೋರಿಸಬೇಕೆಂದು ಕೇಳಿಕೊಂಡಿದ್ದರು. ಅವಳು ಪರದೆಯ ಮೇಲೆ ಎರಡು ಮೇಜುಗಳ ಚಿತ್ರ ಹಾಕಿದಳು. ಒಂದು ಉದ್ದಕ್ಕೆ, ಕಿರಿದಾಗಿ ಕಾಣುತ್ತಿತ್ತು. ಇನ್ನೊಂದು ಗಿಡ್ಡಗೆ, ಅಗಲವಾಗಿ. ಆಮೇಲೆ ಒಂದು ಮೇಜಿನ ಮೇಲ್ಭಾಗವನ್ನು ಎತ್ತಿ, ತಿರುಗಿಸಿ, ಇನ್ನೊಂದರ ಮೇಲೆ ಇಟ್ಟಳು. ಎರಡೂ ಅಂಚಿಗೆ ಅಂಚು ಕೂತವು. ಮಕ್ಕಳು ನೋ ವೇ ಎಂದು ಕಿರುಚಿಕೊಂಡವು.

"ಕಣ್ಣು ಬರೀ ಬೆಳಕನ್ನ ಒಳಗೆ ಬಿಡತ್ತೆ ಅಷ್ಟೇ," ಎಂದಳು ಊರ್ಮಿಳಾ. "ನೋಡೋದು ಬ್ರೈನು. ಅದಕ್ಕೆ ಅಳೆಯೋಕೆ ಪುರುಸೊತ್ತಿಲ್ಲ. ಸುತ್ತಮುತ್ತ ಏನಿದೆಯೋ ಅದರ ಜೊತೆ ಹೋಲಿಸಿ, ಹೀಗಿರಬೇಕು ಅಂತ ಗೆಸ್ ಮಾಡಿಬಿಡತ್ತೆ. ಆ ಗೆಸ್ಸೇ ನಮಗೆ ಸತ್ಯ ಅಂತ ಕಾಣೋದು."

ಅಷ್ಟಕ್ಕೇ ನಿಲ್ಲಿಸಬಹುದಿತ್ತು. ಮೂರನೆಯ ಸಾಲಿನಲ್ಲಿ ಗುರುದತ್ತ ಕೂತಿದ್ದು ಕಣ್ಣಿಗೆ ಬಿತ್ತು.

"ಕೆಲವರಿಗೆ ಕಣ್ಣೆದುರಿನ ಏರೂ ಇಳಿಜಾರಾಗಿ ಕಾಣತ್ತೆ. ಅಂಥವರನ್ನ ಹುಡುಕಿಕೊಂಡು ನಾನು ಲ್ಯಾಬಿಗೆ ಹೋಗಬೇಕಾಗಿಲ್ಲ. ನಮ್ಮ ಪಕ್ಕದ ಮನೇಲೇ ಇದ್ದಾರೆ."

ಹಾಲಿನಲ್ಲಿ ನಗು ಎದ್ದಿತು. ಜಗಳದ ಸುದ್ದಿ ಎಲ್ಲರಿಗೂ ಗೊತ್ತಿತ್ತು. ಗುರುದತ್ತ ಎದ್ದು ಹೊರಗೆ ಹೋದ. ಇಂದು ಕೂತಲ್ಲೇ ಕೂತು ತನ್ನ ಕೈಯ ಬಳೆಗಳನ್ನು ನೋಡಿಕೊಂಡಳು.

ಊಟದ ಸಾಲಿನಲ್ಲಿ ಇಂದು ಊರ್ಮಿಳಾಳ ಹಿಂದೆ ಬಂದು ನಿಂತಳು.

"ಆಂಟಿ, ಎಲ್ಲರ ಮುಂದೆ ಹಾಗೆ ಹೇಳ್ಬಾರ್ದಿತ್ತು ನೀವು."

"ಎಲ್ಲರ ಮುಂದೆ ಹೇಳೋ ಹಾಗೆ ಮಾಡಬಾರ್ದಿತ್ತು ನೀವು," ಎಂದು ಊರ್ಮಿಳಾ ತಟ್ಟೆಗೆ ಚಿತ್ರಾನ್ನ ಹಾಕಿಕೊಂಡಳು. "ನಿಮಗೇನಮ್ಮ. ನಾಳೆ ವೀಸಾ ಮುಗಿದ್ರೆ ಗಂಟುಮೂಟೆ ಕಟ್ಟಿಕೊಂಡು ಹೊರಡೋರು. ನೆಲ ಹಾಳಾದ್ರೆಷ್ಟು, ಮನೆ ಹಾಳಾದ್ರೆಷ್ಟು. ನಾವು ಇಲ್ಲೇ ಸಾಯೋರು. ಮೊದಲು ಬಾಡಿಗೆ ಮನೆ ಬುದ್ಧಿ ಬಿಡಿ."

ಇಂದು ಕೈಲಿದ್ದ ಖಾಲಿ ತಟ್ಟೆಯನ್ನು ಮೇಜಿನ ಮೇಲೆ ವಾಪಸು ಇಟ್ಟು ಹೋದಳು. ಕಾರಿನಲ್ಲಿ ರಘುನಾಥ "ಅಷ್ಟು ಬೇಕಾಗಿರಲಿಲ್ಲ," ಎಂದ. "ಬೇಕಾಗಿತ್ತು ರೀ," ಎಂದಳು ಅವಳು.

ಎಚ್‌ಓಎ ಆಜ್ಞೆ ಬಂತು: ಮೂವತ್ತು ದಿನದಲ್ಲಿ ಪಾತಿಗಳನ್ನು ತೆಗೆದು ಬೇಲಿಯ ಪಕ್ಕದ ನೆಲವನ್ನು ಆರು ಅಂಗುಲ ತಗ್ಗಿಸಬೇಕು, ತಪ್ಪಿದರೆ ದಿನಕ್ಕಿಷ್ಟು ದಂಡ. ವೀಸಾದ ಮೇಲಿರುವವನು ಕಾಗದಪತ್ರದ ತಕರಾರು ಬೆಳೆಸಿಕೊಳ್ಳಲು ಹೆದರುತ್ತಾನೆ. ಮೇ ತಿಂಗಳ ನಾಲ್ಕು ಶನಿವಾರ ಗುರುದತ್ತ ತಾನೇ ಸಲಿಕೆ ಹಿಡಿದು ಅಗೆದ. ಇಂದು ಚಳಿಗಾಲದ ಹಿಮದಿಂದ ಕಾಪಾಡಿ ಬೆಳೆಸಿದ್ದ ಮಲ್ಲಿಗೆಬಳ್ಳಿ, ಕರಿಬೇವಿನ ಗಿಡ ಬೇರುಸಮೇತ ಕಪ್ಪು ಚೀಲಗಳಿಗೆ ಹೋದವು. ಊರ್ಮಿಳಾ ಡೆಕ್ಕಿನ ಮೇಲೆ ಕಾಫಿ ಹಿಡಿದು ಕೂತಿರುತ್ತಿದ್ದಳು. ಕೊನೆಯ ಶನಿವಾರ ಅವನು ಬೆವರು ಒರೆಸಿಕೊಂಡು ತಲೆಯೆತ್ತಿ, "ಸಾಕಾ ಮೇಡಂ, ಇನ್ನೂ ಅಗೀಬೇಕಾ?" ಎಂದ. ಆಂಟಿ ಎನ್ನುವುದು ಅಂದಿಗೆ ಹೋಯಿತು. ಮಾರನೆಯ ವಾರ ಅವನ ಮನೆಯ ಮೂಲೆಯಲ್ಲಿ ಬೇಲಿಯ ಕಡೆಗೆ ಮುಖಮಾಡಿದ ಕ್ಯಾಮೆರಾ ಬಂತು.

ಜುಲೈ ಎರಡನೆಯ ವಾರ ಸಂಜೆಯ ಗುಡುಗುಮಳೆ ಎರಡು ತಾಸು ಸುರಿಯಿತು. ಮರುದಿನ ಬೆಳಿಗ್ಗೆ ಊರ್ಮಿಳಾಳ ಮುಂಬಾಗಿಲ ಗಂಟೆ ಒಂದೇ ಸಮನೆ ಹೊಡೆದುಕೊಂಡಿತು. ತೆಗೆದರೆ ಗುರುದತ್ತ. ಮೊಣಕಾಲವರೆಗೆ ಕೆಸರು. ಎರಡೂ ಕೈಯಲ್ಲಿ ಒಂದು ದೊಡ್ಡ ಹಲಗೆ ಹಿಡಿದಿದ್ದ.

ಅದು ಇಂದು ಬಿಡಿಸಿದ ಮೈಸೂರು ಶೈಲಿಯ ಚಿತ್ರ. ಅವಳು ಮದುವೆಗೆ ಮುಂಚೆ ಮೈಸೂರಿನಲ್ಲಿ ಆರು ವರ್ಷ ಅದನ್ನು ಕಲಿತವಳು. ಷಾರ್ಲೆಟ್‌ನಲ್ಲಿ ಅಕ್ಟೋಬರಿನ ಪ್ರದರ್ಶನಕ್ಕೆಂದು ಒಂದೂವರೆ ವರ್ಷದಿಂದ ಹನ್ನೊಂದು ಚಿತ್ರ ಮಾಡಿದ್ದಳು. ಎಲ್ಲವೂ ಬೇಸ್‌ಮೆಂಟಿನ ನೆಲದ ಮೇಲೆ ಗೋಡೆಗೆ ಒರಗಿ ನಿಂತಿದ್ದವು. ಈಗ ದೇವಿಯ ಕಿರೀಟದ ಉಬ್ಬುಕೆಲಸ ಹಿಟ್ಟಿನಂತೆ ಕರಗಿ ಕೆನ್ನೆಯ ಮೇಲೆ ಇಳಿದಿತ್ತು. ಚಿನ್ನದ ರೇಕು ಎದ್ದು ಸುರುಳಿಯಾಗಿ ಜೋತುಬಿದ್ದಿತ್ತು.

"ಹನ್ನೊಂದೂ ಹೀಗೇ ಆಗಿದೆ," ಎಂದ. "ಅಗೀರಿ ಅಂದ್ರಿ, ಅಗೆದೆ. ನೀರೆಲ್ಲ ಆ ಹಳ್ಳಕ್ಕೇ ಬಂದು ನಿಂತು ನಮ್ಮನೆ ಒಳಗೆ ನುಗ್ತು. ನಿಮ್ಮ ಹಿತ್ತಲ ನೀರು ಮೇಡಂ. ಕ್ಯಾಮೆರಾದಲ್ಲಿದೆ. ನೋಡ್ತೀರಾ?"

ಊರ್ಮಿಳಾ ಕರಗಿದ ಕಿರೀಟದ ಕಡೆಗೆ ಕೈ ಚಾಚಿದಳು. ಆದರೆ ಬಾಯಿ ಮೊದಲೇ ತೆರೆದುಕೊಂಡಿತ್ತು.

"ಇಂಥದ್ದನ್ನ ಬೇಸ್‌ಮೆಂಟಿನ ನೆಲದ ಮೇಲೆ ಇಡಿ ಅಂತ ಯಾರು ಹೇಳಿದ್ರು ನಿಮಗೆ?"

ಗುರುದತ್ತ ಅವಳನ್ನೇ ದಿಟ್ಟಿಸಿದ. "ಶುಕ್ರವಾರ ಹತ್ತು ಗಂಟೆಗೆ ಸರ್ವೇಯರ್ ಬರ್ತಾರೆ. ಮನೇಲಿರಿ," ಎಂದು ಹಲಗೆಯನ್ನು ಹಾಗೇ ಹೊತ್ತು ತಿರುಗಿದ.

ಸರ್ವೇಯರ್ ಕಲಬುರಗಿಯ ಶಿವಶರಣಪ್ಪ. ಅಟ್ಲಾಂಟಾದ ಸುತ್ತ ಇಪ್ಪತ್ತು ವರ್ಷದಿಂದ ನೆಲ ಅಳೆಯುತ್ತಿದ್ದ ದಪ್ಪ ಮೀಸೆಯ ಮನುಷ್ಯ. ಅವನು ಕನ್ನಡದವನೆಂದು ಗೊತ್ತಾದದ್ದೇ ಊರ್ಮಿಳಾ ಮುಖ ಬಿಗಿದಳು.

"ಇವರ ಫ್ರೆಂಡಾ ನೀವು?"

"ಇವರನ್ನ ಇವತ್ತೇ ನೋಡ್ಲಿಕತ್ತೀನ್ರಿ ಅಮ್ಮಾರ," ಎಂದ ಅವನು ಮುಕ್ಕಾಲಿ ನಿಲ್ಲಿಸುತ್ತ. ಯಂತ್ರದಿಂದ ಒಂದೊಂದೇ ಕಡೆ ಅಳತೆ ಹಿಡಿದು ಬರೆದುಕೊಂಡ. ಕೊನೆಗೆ ಹೇಳಿದ. ಅವಳ ಮನೆಯ ಗೋಡೆಯಿಂದ ಗುರುದತ್ತನ ಮನೆಯ ಗೋಡೆಗೆ ನೆಲ ಹದಿನಾಲ್ಕು ಅಂಗುಲ ಇಳಿದಿದೆ. ಅಗೆದದ್ದನ್ನು ಲೆಕ್ಕಕ್ಕೆ ಹಿಡಿಯದೆ.

"ಇಳಿದಿದೆಯಾ? ಏರಿದೆ ಅನ್ನಿ. ಡೆಕ್ ಮೇಲೆ ಬಂದು ನೋಡಿ."

ಶಿವಶರಣಪ್ಪ ಬಂದು ನೋಡಿದ. "ಹೌದ್ರಿ, ಏರಿದಂಗೇ ಕಾಣ್ತದ. ಆದ್ರ ಇಳದದ."

"ನಿಮ್ಮ ಮೆಷಿನ್ ಮೇಲೆ ನನಗೆ ನಂಬಿಕೆ ಇಲ್ಲ."

ಅವನು ಬೇಸರಪಡದೆ ತನ್ನ ಟ್ರಕ್ಕಿನಿಂದ ನೀರು ತುಂಬಿದ ಉದ್ದನೆಯ ಪಾರದರ್ಶಕ ಪ್ಲಾಸ್ಟಿಕ್ ಕೊಳವೆಯೊಂದನ್ನು ತಂದ. ಊರಲ್ಲಿ ಗಾರೆ ಕೆಲಸದವರು ಗೋಡೆಯ ಮಟ್ಟ ನೋಡಲು ಬಳಸುವಂಥದ್ದು. "ಇದಕ್ಕ ಬ್ಯಾಟ್ರಿ ಇಲ್ಲ, ಪಾರ್ಟಿ ಇಲ್ಲ. ಒಂದು ತುದಿ ನೀವ್ ಹಿಡೀರಿ. ಇನ್ನೊಂದು ತುದಿ ಸಾಹೇಬ್ರು ಹಿಡೀಲಿ." ರಘುನಾಥ ಬೇಲಿಯ ಬಾಗಿಲು ದಾಟಿ ಗುರುದತ್ತನ ಗೋಡೆಯ ಹತ್ತಿರ ಹೋಗಿ ನಿಂತ. ಎರಡು ತುದಿಯಲ್ಲೂ ನೀರು ಒಂದೇ ಮಟ್ಟಕ್ಕೆ ನಿಂತಿತು. ಊರ್ಮಿಳಾಳ ಕೈಯಲ್ಲಿ ಅದು ಸೊಂಟಕ್ಕಿಂತ ಕೆಳಗಿತ್ತು. ಅವಳಿಗಿಂತ ಎರಡೇ ಅಂಗುಲ ಎತ್ತರದ ರಘುನಾಥನಿಗೆ ಎದೆಯ ಹತ್ತಿರ ಬಂದಿತ್ತು.

"ಎದೆ ಮಟ್ಟ ಇದೆ ಊರ್ಮಿಳಾ," ಎಂದು ಅವನು ಅಲ್ಲಿಂದ ಹೇಳಿದ.

ಅವಳು ಕೊಳವೆಯ ತುದಿ ಹಿಡಿದುಕೊಂಡೇ ನಿಂತಳು. ಆಗ ನಿಧಾನವಾಗಿ, ತಾನೇ ಹತ್ತಾರು ಬಾರಿ ವಿದ್ಯಾರ್ಥಿಗಳಿಗೆ ಬಿಡಿಸಿ ಹೇಳಿದ್ದ ಪಾಠ, ಒಂದೊಂದೇ ಗೆರೆಯಾಗಿ ಕಣ್ಣೆದುರು ಬಂತು. ಹಿತ್ತಲ ಹಿಂದೆ ಮೇಲಿನ ಬೀದಿ ಅವಳ ಕಡೆಯಿಂದ ಗುರುದತ್ತನ ಕಡೆಗೆ ಕಡಿದಾಗಿ ಇಳಿಯುತ್ತಿತ್ತು. ಹಿಂಬೇಲಿಯ ಮೇಲ್ಪಟ್ಟಿಯೂ ಬೀದಿಯನ್ನೇ ಅನುಸರಿಸಿ ಇಳಿದಿತ್ತು. ಆಚೆಗೆ ಪೈನ್ ಮರಗಳು ದಟ್ಟವಾಗಿ ನಿಂತು ದಿಗಂತವನ್ನೇ ಮುಚ್ಚಿದ್ದವು. ನಿಜವಾದ ಸಮತಲ ಯಾವುದೆಂದು ತಿಳಿಸುವ ಒಂದೇ ಒಂದು ಗೆರೆ ಅಲ್ಲಿರಲಿಲ್ಲ. ಕಡಿದಾದ ಇಳಿತವನ್ನೇ ಮೆದುಳು ಸಮತಲವೆಂದು ಹಿಡಿದಿತ್ತು. ಅದರ ಪಕ್ಕದಲ್ಲಿ ಕಡಿಮೆ ಇಳಿದ ನೆಲ ಏರಿದಂತೆ ಕಂಡಿತ್ತು. ಕೆಲವು ಗುಡ್ಡದ ರಸ್ತೆಗಳಲ್ಲಿ ಕಾರು ತಾನಾಗಿಯೇ ಏರಿಹೋದಂತೆ ಕಾಣುವುದೂ ಇದೇ ಕಾರಣಕ್ಕೆ. ಅವಳು ಅದರ ಬಗ್ಗೆ ಒಂದು ಪ್ರಬಂಧವನ್ನೇ ಬರೆದಿದ್ದಳು.

ಶಿವಶರಣಪ್ಪ ಅಷ್ಟರಲ್ಲಿ ಡೆಕ್ಕಿನ ಕಟಕಟೆಯ ಮೇಲೆ ಒಂದು ಮಟ್ಟಗೋಲು ಇಟ್ಟ. "ನಿಮ್ಮ ಡೆಕ್ಕೂ ಆ ಕಡೀಗೇ ಕುಸದದ ನೋಡ್ರಿ." ಆಮೇಲೆ ಅವಳ ಮನೆಯ ಮೂಲೆಗೆ ಹೋಗಿ ಸೂರಿನ ನೀರು ಇಳಿಯುವ ಕೊಳವೆಯ ಬುಡದಲ್ಲಿ ಒಂದಡಿ ಅಗೆದ. ನೆಲದೊಳಗಿನ ಭಾಗ ಬಿರಿದು ಮಣ್ಣು ತುಂಬಿತ್ತು. "ನಿಮ್ಮ ಬೇಸ್‌ಮೆಂಟಿಗಿ ಬಂದ ನೀರು ಇಲ್ಲಿಂದ. ನಿಮ್ಮ ಮಾಳಿಗಿದೇ ನೀರು."

ಗುರುದತ್ತ ಬೇಲಿಗೆ ಒರಗಿ ಕೈಕಟ್ಟಿ ನಿಂತಿದ್ದ. ಗೆದ್ದವನ ಮುಖವಾಗಿರಲಿಲ್ಲ ಅದು. "ಫೆಬ್ರುವರಿಲೇ ಲೆವೆಲ್ ಇಡೋಣ ಅಂದಿದ್ದೆ," ಎಂದಷ್ಟೇ ಹೇಳಿ ಒಳಗೆ ಹೋದ.

ಎರಡು ದಿನ ಊರ್ಮಿಳಾ ಮನೆಯಿಂದ ಹೊರಬರಲಿಲ್ಲ. ಮೊದಲ ದಿನ ಸಿಟ್ಟಿತ್ತು. ಯಾರ ಕಣ್ಣಿಗಾದರೂ ಹಾಗೇ ಕಾಣುತ್ತಿತ್ತು, ಸರ್ವೇಯರನ ಕಣ್ಣಿಗೂ ಕಂಡಿತು ಎಂದು ಗಂಡನ ಮುಂದೆ ವಾದಿಸಿದಳು.

"ಅವನ ಕಣ್ಣಿಗೂ ಕಂಡಿತು," ಎಂದ ರಘುನಾಥ. "ಅವನು ಅಳೆದ. ನೀನು ಕಂಪ್ಲೇಂಟ್ ಬರೆದೆ."

ಎರಡನೆಯ ದಿನ ಎಚ್‌ಓಎಗೆ ಪತ್ರ ಬರೆದು ದೂರು ಹಿಂತೆಗೆದುಕೊಂಡಳು. ತಪ್ಪು ತನ್ನದೆಂದೂ, ಎರಡು ಹಿತ್ತಲ ನಡುವೆ ತನ್ನ ನೆಲದಲ್ಲೇ, ತನ್ನ ಖರ್ಚಿನಲ್ಲೇ ಜಲ್ಲಿ ತುಂಬಿದ ಕಾಲುವೆ ತೆಗೆಸುವೆನೆಂದೂ ಬರೆದಳು. ಆ ಪತ್ರದ ಪ್ರತಿ ಹಿಡಿದು ಪಕ್ಕದ ಮನೆಯ ಬಾಗಿಲಿಗೆ ಹೋದಳು.

ಬಾಗಿಲು ತೆಗೆದವಳು ಇಂದು. ಹೊಸ್ತಿಲ ಒಳಗೇ ನಿಂತಳು. ಒಳಗೆ ಬನ್ನಿ ಅನ್ನಲಿಲ್ಲ.

"ಇಂದು, ನನ್ನದು ತಪ್ಪಾಯ್ತಮ್ಮ. ಆ ನೆಲ ಯಾಕೆ ಹಾಗೆ ಕಾಣತ್ತೆ ಅಂದ್ರೆ, ಹಿಂದಿನ ಬೀದಿ ಇದೆಯಲ್ಲ, ಅದರ ಇಳಿಜಾರು..."

"ಗುರು ಹೇಳಿದ್ರು. ಗೊತ್ತು."

"ಬ್ರೈನಿಗೆ ರೆಫರೆನ್ಸ್ ಸಿಗಲಿಲ್ಲ ಅಂದ್ರೆ..."

"ಆಂಟಿ, ಸಾಕು." ಇಂದು ದನಿ ಎತ್ತಲಿಲ್ಲ. "ನಿಮ್ಮ ಕಣ್ಣಿಗೆ ನೆಲ ಎತ್ತರ ಕಾಣಿಸ್ತು. ಸರಿ, ಒಪ್ಕೊಂಡೆ. ಗುರುಗೂ ನಿಮ್ಮ ಡೆಕ್ ಮೇಲಿಂದ ಹಾಗೇ ಕಾಣಿಸ್ತಂತೆ. ಆದ್ರೆ ಬಾಡಿಗೆ ಮನೆ ಬುದ್ಧಿ ಅಂದ್ರಲ್ಲ, ಗಂಟುಮೂಟೆ ಕಟ್ಕೊಂಡು ಹೊರಡೋರು ಅಂದ್ರಲ್ಲ. ಅದಕ್ಕೆ ಯಾವ ಬೀದಿ ಕಾರಣ, ಯಾವ ಮರ ಕಾರಣ? ನಾನು ನಿಮ್ಮನೇಲಿ ಹಬ್ಬಕ್ಕೆ ಕೂತು ಊಟ ಮಾಡಿದೋಳು. ನಿಮಗೆ ಜ್ವರ ಬಂದಾಗ ಮೂರು ದಿನ ಗಂಜಿ ತಂದುಕೊಟ್ಟೆ. ನನ್ನನ್ನ ಹತ್ತಿರದಿಂದ ನೋಡಿದೋರೇ ನೀವು."

ಊರ್ಮಿಳಾ ಕೈಲಿದ್ದ ಕಾಗದ ಚಾಚಿದಳು.

"ಅಲ್ಲಿ ಕೆಳಗೆ ಇಟ್ಟು ಹೋಗಿ," ಎಂದು ಇಂದು ಬಾಗಿಲು ಹಾಕಿಕೊಂಡಳು.

ಅವಳು ಬಗ್ಗಿ ಕಾಗದವನ್ನು ಮೆಟ್ಟಿಲ ಮೇಲಿಟ್ಟು, ಗಾಳಿಗೆ ಹಾರದಂತೆ ಒಂದು ಕಲ್ಲು ಹೇರಿ, ಮನೆಗೆ ಬಂದಳು. ಆ ದಿನ ಡೆಕ್ಕಿಗೆ ಹೋಗಲಿಲ್ಲ. ಒಳಗಿನ ಕಿಟಕಿಗೂ ಪರದೆ ಎಳೆದಳು.

ಕಾಲುವೆ ಕೆಲಸ ಸೆಪ್ಟೆಂಬರಿನಲ್ಲಿ ಶುರುವಾಯಿತು. ಗುರುದತ್ತ ಎರಡು ದಿನ ರಜೆ ಹಾಕಿ ಬೇಲಿಯ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು ಕೂತ. ಕೆಲಸದವರು ಅಗೆದು ಮುಗಿಸಿದಾಗ ಅವನು ಎದ್ದು ಬಂದು, "ಇಳಿತ ಸರಿ ಇದೆಯಾ ಅಂತ ಹೇಗೆ ಗೊತ್ತು?" ಎಂದ. ಕೆಲಸದವರನ್ನಲ್ಲ, ಅವಳನ್ನೇ ಕೇಳಿದ. ಊರ್ಮಿಳಾ ಅಳತೆ ಹಿಡಿಸಿ ತೋರಿಸಿದಳು.

"ಇನ್ನೊಂದ್ಸಲ ಹಿಡೀರಿ."

ಅವಳು ಇನ್ನೊಂದು ಸಲ ಹಿಡಿಸಿದಳು. ಎರಡೂ ಸಲ ಒಂದೇ ಬಂತು. ಅವನು ಫೋನಿನಲ್ಲಿ ಫೋಟೋ ತೆಗೆದುಕೊಂಡು, ಕುರ್ಚಿ ಮಡಚಿಕೊಂಡು ಹೋದ. ಇಂದು ಷಾರ್ಲೆಟ್‌ನವರಿಗೆ ಪ್ರದರ್ಶನಕ್ಕೆ ಬರಲಾಗುವುದಿಲ್ಲವೆಂದು ತಿಳಿಸಿದ ಸುದ್ದಿ ಕನ್ನಡ ಕೂಟದ ಯಾರ ಬಾಯಿಂದಲೋ ಊರ್ಮಿಳಾಳ ಕಿವಿಗೆ ಬಿತ್ತು. ಅವಳು ಇಂದುವಿಗೆ ಮೂರು ಸಲ ಫೋನ್ ಮಾಡಿದಳು. ಮೂರು ಸಲವೂ ಯಾರೂ ಎತ್ತಲಿಲ್ಲ. ನಾಲ್ಕನೆಯ ಸಲ ಮಾಡುವ ಮುಂಚೆ ರಘುನಾಥ ಅವಳ ಕೈಯಿಂದ ಫೋನ್ ತೆಗೆದುಕೊಂಡು, "ಬಿಡು, ಅವಳಿಗೂ ಸಿಟ್ಟು ಮಾಡ್ಕೊಳೋ ಹಕ್ಕಿದೆ," ಎಂದ.

ತಿಂಗಳ ಕೊನೆಗೆ ಒಂದು ಮಧ್ಯಾಹ್ನ ಜೋರು ಮಳೆ ಬಂತು. ಊರ್ಮಿಳಾ ಕೊಡೆ ಹಿಡಿದು ಹಿತ್ತಲಿಗೆ ಇಳಿದಳು. ಹುಲ್ಲಿನ ಮೇಲಿನ ನೀರು ಬೇಲಿಯ ಕಡೆಗೆ ಹರಿದು, ಬೇಲಿಗೆ ಮುಟ್ಟುವ ಮುಂಚೆ ಜಲ್ಲಿಯೊಳಗೆ ಇಂಗಿ, ಮುಂದಿನ ಬೀದಿಯ ಚರಂಡಿಗೆ ಬಂದು ಬೀಳುತ್ತಿತ್ತು. ಆಚೆ ಕಡೆ ಗುರುದತ್ತ ರೇನ್‌ಕೋಟ್ ಹಾಕಿಕೊಂಡು, ಫೋನಿಗೆ ಪ್ಲಾಸ್ಟಿಕ್ ಚೀಲ ಕಟ್ಟಿ, ಹರಿವ ನೀರನ್ನು ವೀಡಿಯೋ ಮಾಡುತ್ತಿದ್ದ. ಮುಂದೆಂದಾದರೂ ಬೇಕಾದೀತೆಂದು. ಅವಳನ್ನು ಕಂಡೂ ಕಾಣದಂತೆ ಫೋನನ್ನು ನಿಧಾನವಾಗಿ ಬೇಲಿಯುದ್ದಕ್ಕೂ ತಿರುಗಿಸಿದ.

ಊರ್ಮಿಳಾ ತಾನು ಚಿತ್ರಕ್ಕೆ ಅಡ್ಡ ಬರದಂತೆ ಎರಡು ಹೆಜ್ಜೆ ಹಿಂದೆ ಸರಿದು, ಅವನು ತೆಗೆದು ಮುಗಿಸುವವರೆಗೂ ಮಳೆಯಲ್ಲೇ ನಿಂತಳು.